ಲೆಕ್ಕ ಕೇಳುವ ಹಕ್ಕು

ಇತ್ತೀಚೆಗೆ ನಡೆದ ವಿಚಾರಗೋಷ್ಠಿಯೊಂದರಲ್ಲಿ ಮಾಡಿದ ಭಾಷಣದ ಲಿಖಿತ ರೂಪ



‘ಪ್ರಜಾಪ್ರಭುತ್ವಕ್ಕೂ ಸರ್ವಾಧಿಕಾರಕ್ಕೂ ಇರುವ ವ್ಯತ್ಯಾಸಗಳನ್ನು ಬರೆಯಿರಿ’ ಎಂಬುದು ನಾವು ಬಿ.ಎ. ಓದುತ್ತಿದ್ದಾಗ ರಾಜ್ಯಶಾಸ್ತ್ರದ ಪರೀಕ್ಷೆಯಲ್ಲಿ ಮತ್ತೆ ಮತ್ತೆ ಬರುತ್ತಿದ್ದ ಪ್ರಶ್ನೆ. ಹಾಳೆಯ ನಡುವೆ ಗೆರೆ ಎಳೆದು, ಎಡಕ್ಕೊಂದು ಬಲಕ್ಕೊಂದು ಎಂದು ಅಂಶಗಳನ್ನು ಬರೆದರೆ ಅಂಕ ದೊರೆಯುತ್ತಿತ್ತು. ಒಂದೆಡೆ ಹಲವು ಪಕ್ಷ, ಇನ್ನೊಂದೆಡೆ ಒಂದೇ ಪಕ್ಷ. ಒಂದೆಡೆ ಸ್ವಾತಂತ್ರ್ಯ, ಇನ್ನೊಂದೆಡೆ ಶಿಸ್ತು. ಅದಕ್ಕೂ ಮೊದಲು ನಾವು ಮದ್ರಸದಲ್ಲಿ ಕಲಿಯುತ್ತಿದ್ದ ದಿನಗಳಲ್ಲಿ ಇರಾಕಿನ ಮೇಲೆ ಯುದ್ಧ ನಡೆಯಿತು. ಆಗ ನಮ್ಮ ಸಹಪಾಠಿಗಳಲ್ಲಿ ಹೆಚ್ಚಿನವರಿಗೆ ಸದ್ದಾಂ ಹುಸೇನ್ ವೀರಪುರುಷನಾಗಿ ಕಂಡಿದ್ದ. ಆತ ತನ್ನ ದೇಶದ ಜನರನ್ನು ಹೇಗೆ ನಡೆಸಿಕೊಂಡಿದ್ದ ಎಂಬ ಪ್ರಶ್ನೆಯನ್ನು ನಮ್ಮಲ್ಲಿ ಯಾರೂ ಕೇಳಿರಲಿಲ್ಲ.

ಇಂದಿಗೂ ನಮ್ಮ ಮದುವೆ ಮನೆಗಳಲ್ಲಿ, ಅಂಗಡಿ ಕಟ್ಟೆಗಳಲ್ಲಿ ಒಂದು ಮಾತು ಕೇಳಿಬರುತ್ತದೆ: “ಈ ಚುನಾವಣೆ, ಪಕ್ಷ, ಗದ್ದಲಗಳಿಂದ ಏನೂ ಆಗದು. ಒಬ್ಬ ಗಟ್ಟಿ ಆಳು ಬೇಕು. ಒಂದೇ ಮಾತಿನಲ್ಲಿ ಕೆಲಸ ಆಗಬೇಕು.” ಇದನ್ನು ಹೇಳುವವರು ಕೆಟ್ಟವರೇನಲ್ಲ. ಸರಕಾರಿ ಕಚೇರಿಗೆ ಹತ್ತಾರು ಬಾರಿ ಅಲೆದು ಸೋತವರು, ಚುನಾವಣೆಯಲ್ಲಿ ತಮ್ಮ ವಿರುದ್ಧ ದ್ವೇಷದ ಭಾಷಣಗಳನ್ನು ಕೇಳಿ ನೊಂದವರು, ಕೊಲ್ಲಿ ರಾಷ್ಟ್ರಗಳ ನುಣುಪಾದ ರಸ್ತೆಗಳನ್ನು ಕಂಡು ಬಂದವರು ಅವರಲ್ಲಿದ್ದಾರೆ. ಆದ್ದರಿಂದ ಈ ಮಾತನ್ನು ಹಗುರವಾಗಿ ತಳ್ಳಿಹಾಕದೆ, ಒಂದು ದೇಶದ ಅನುಭವವನ್ನು ಮುಂದಿಟ್ಟುಕೊಂಡು ಪರಿಶೀಲಿಸುವುದು ಉಚಿತವೆಂದು ನಾವು ಭಾವಿಸುತ್ತೇವೆ. ಆ ದೇಶ ಇಂಡೋನೇಷ್ಯಾ. ಜಗತ್ತಿನಲ್ಲೇ ಅತಿ ಹೆಚ್ಚು ಮುಸ್ಲಿಮರಿರುವ ದೇಶಗಳ ಸಾಲಿನಲ್ಲಿ ಮುಂಚೂಣಿಯಲ್ಲಿರುವ ಈ ನಾಡು ಮೂವತ್ತೆರಡು ವರ್ಷ ಸರ್ವಾಧಿಕಾರವನ್ನೂ, 1998ರಿಂದೀಚೆಗೆ ಪ್ರಜಾಪ್ರಭುತ್ವವನ್ನೂ ಕಂಡಿದೆ. ಜನ ಅದೇ, ಧರ್ಮ ಅದೇ, ಮಣ್ಣು ಅದೇ. ಬದಲಾದದ್ದು ಆಳ್ವಿಕೆಯ ರೀತಿ. ಹೋಲಿಕೆಗೆ ಇದಕ್ಕಿಂತ ಒಳ್ಳೆಯ ಉದಾಹರಣೆ ಸಿಗುವುದು ಕಷ್ಟ.

ಅಲ್ಲಿಯ ಲಾರಿಗಳ ಹಿಂಭಾಗದಲ್ಲಿ ಕಳೆದ ಕೆಲವು ವರ್ಷಗಳಿಂದ ಒಂದು ಚಿತ್ರ ಕಾಣಸಿಗುತ್ತದೆ. ನಗುಮುಖದ ಜನರಲ್ ಸುಹಾರ್ತೊ ಕೈ ಎತ್ತಿ, ‘ಹೇಗಿದ್ದೀರಿ? ನನ್ನ ಕಾಲವೇ ಚೆನ್ನಾಗಿತ್ತಲ್ಲವೇ?’ ಎಂದು ಕೇಳುತ್ತಿರುವ ಚಿತ್ರ. 2025ರ ನವೆಂಬರ್ 10ರಂದು ಅಲ್ಲಿಯ ಸರಕಾರ ಆತನಿಗೆ ‘ರಾಷ್ಟ್ರೀಯ ವೀರ’ ಎಂಬ ಮರಣೋತ್ತರ ಗೌರವವನ್ನೂ ನೀಡಿತು. ಹಾಗಾದರೆ ಆ ಕಾಲ ನಿಜವಾಗಿಯೂ ಚೆನ್ನಾಗಿತ್ತೇ?

ಬಂದ ದಾರಿ

1945ರ ಆಗಸ್ಟ್ 17ರಂದು ಸ್ವಾತಂತ್ರ್ಯ ಘೋಷಿಸಿಕೊಂಡ ಇಂಡೋನೇಷ್ಯಾ 1955ರಲ್ಲಿ ಮುಕ್ತವಾದ ಮೊದಲ ಸಾರ್ವತ್ರಿಕ ಚುನಾವಣೆಯನ್ನು ನಡೆಸಿತ್ತು. ಆದರೆ ಪಕ್ಷಗಳ ಒಳಜಗಳಗಳಿಂದ ಬೇಸತ್ತ ಅಧ್ಯಕ್ಷ ಸುಕಾರ್ನೊ 1959ರಲ್ಲಿ ‘ಮಾರ್ಗದರ್ಶಿತ ಪ್ರಜಾಪ್ರಭುತ್ವ’ ಎಂಬ ಹೆಸರಿನಲ್ಲಿ ಅಧಿಕಾರವನ್ನು ತಮ್ಮ ಕೈಯಲ್ಲೇ ಕೇಂದ್ರೀಕರಿಸಿಕೊಂಡರು. 1960ರ ದಶಕದ ಮಧ್ಯಭಾಗದಲ್ಲಿ ಹಣದುಬ್ಬರ ವರ್ಷಕ್ಕೆ ಶೇ. 600ನ್ನೂ ದಾಟಿತು. ಅಕ್ಕಿಗಾಗಿ ಜನ ಸಾಲುಗಟ್ಟಿ ನಿಲ್ಲುವಂತಾಯಿತು.

1965ರ ಸೆಪ್ಟೆಂಬರ್ 30ರ ರಾತ್ರಿ ಕೆಲವು ಸೇನಾಧಿಕಾರಿಗಳ ಹತ್ಯೆ ನಡೆಯಿತು. ಸೇನೆ ಇದರ ಹೊಣೆಯನ್ನು ಕಮ್ಯುನಿಸ್ಟ್ ಪಕ್ಷದ ಮೇಲೆ ಹೊರಿಸಿತು. ನಂತರದ ತಿಂಗಳುಗಳಲ್ಲಿ ನಡೆದ ಸಾಮೂಹಿಕ ಹತ್ಯೆಗಳಲ್ಲಿ ಪ್ರಾಣ ಕಳೆದುಕೊಂಡವರು ಐದು ಲಕ್ಷಕ್ಕೂ ಅಧಿಕ ಎಂಬುದು ವ್ಯಾಪಕವಾಗಿ ಒಪ್ಪಿತವಾದ ಅಂದಾಜು. ವಿಚಾರಣೆ ಇಲ್ಲ, ಸಾಕ್ಷ್ಯ ಇಲ್ಲ. ಹೆಸರು ಪಟ್ಟಿಯಲ್ಲಿದ್ದರೆ ಸಾಕಿತ್ತು. 1966ರ ಮಾರ್ಚ್ 11ರಂದು ಸುಕಾರ್ನೊ ಸಹಿ ಹಾಕಿದ ಆದೇಶಪತ್ರದೊಂದಿಗೆ ಅಧಿಕಾರ ಸುಹಾರ್ತೊ ಕೈಗೆ ಬಂತು. 1968ರಲ್ಲಿ ಆತ ವಿಧ್ಯುಕ್ತವಾಗಿ ಅಧ್ಯಕ್ಷನಾದ.

ಇಲ್ಲಿ ನಾವು ಮರೆಮಾಚಬಾರದ ಸತ್ಯವೊಂದಿದೆ. ಆ ಹತ್ಯೆಗಳಲ್ಲಿ ಸೇನೆಯೊಂದಿಗೆ ಮುಸ್ಲಿಮ್ ಸಂಘಟನೆಗಳ ಯುವಕರೂ ಕೈಜೋಡಿಸಿದ್ದರು. ಜಾವಾದಲ್ಲಿ ಅತಿ ದೊಡ್ಡ ಧಾರ್ಮಿಕ ಸಂಘಟನೆಯಾದ ನಹ್ದತುಲ್ ಉಲಮಾದ ಯುವ ಘಟಕದ ಸದಸ್ಯರು ಅದರಲ್ಲಿ ಪಾಲ್ಗೊಂಡಿದ್ದರು. ಧರ್ಮವಿರೋಧಿಗಳನ್ನು ನಿರ್ಮೂಲ ಮಾಡುವ ಜನರಲ್ ತಮ್ಮವನೇ ಎಂದು ಅವರು ನಂಬಿದ್ದರು. ಇನ್ನೊಬ್ಬರ ಬಾಯಿಯನ್ನು ಮುಚ್ಚಿಸಲು ತಾವು ನೆರವಾದ ಕೈ ನಾಳೆ ತಮ್ಮ ಬಾಯಿಗೂ ಬರಬಹುದೆಂಬ ಯೋಚನೆ ಅವರಿಗೆ ಬರಲಿಲ್ಲ. 2000ದಲ್ಲಿ, ಅದೇ ಸಂಘಟನೆಯ ನಾಯಕರಾಗಿದ್ದು ದೇಶದ ಅಧ್ಯಕ್ಷರಾದ ಅಬ್ದುರ್ರಹ್ಮಾನ್ ವಾಹಿದ್ ಆ ಹತ್ಯೆಗಳಿಗಾಗಿ ಬಹಿರಂಗವಾಗಿ ಕ್ಷಮೆ ಯಾಚಿಸಿದರು. ಕ್ಷಮೆ ಕೇಳಲು ಮೂವತ್ತೈದು ವರ್ಷ ಬೇಕಾಯಿತು. ಅದನ್ನು ಕೇಳುವುದಕ್ಕೂ ಪ್ರಜಾಪ್ರಭುತ್ವವೇ ಬರಬೇಕಾಯಿತು.

ಕೊಟ್ಟದ್ದೇನು?

ಸರ್ವಾಧಿಕಾರಿ ಏನನ್ನೂ ಕೊಡಲಿಲ್ಲ ಎನ್ನುವುದು ನ್ಯಾಯವಲ್ಲ. ಸುಹಾರ್ತೊ ವಿದೇಶಗಳಲ್ಲಿ ಓದಿ ಬಂದ ಅರ್ಥಶಾಸ್ತ್ರಜ್ಞರಿಗೆ ಖಜಾನೆಯ ಹೊಣೆ ವಹಿಸಿದ. ಕೆಲವೇ ವರ್ಷಗಳಲ್ಲಿ ಹಣದುಬ್ಬರ ಹತೋಟಿಗೆ ಬಂತು. 1973ರ ಬಳಿಕ ತೈಲದ ಬೆಲೆ ಏರಿದಾಗ ಬಂದ ಆದಾಯದ ಒಂದು ಭಾಗ ಹಳ್ಳಿಗಳಿಗೂ ಹರಿಯಿತು. 1973ರಿಂದ ಆರು ವರ್ಷಗಳೊಳಗೆ 61 ಸಾವಿರಕ್ಕೂ ಹೆಚ್ಚು ಪ್ರಾಥಮಿಕ ಶಾಲೆಗಳನ್ನು ಕಟ್ಟಲಾಯಿತು. 1984ರಲ್ಲಿ ದೇಶ ಅಕ್ಕಿಯಲ್ಲಿ ಸ್ವಾವಲಂಬನೆ ಸಾಧಿಸಿತು. ಅಧಿಕೃತ ಲೆಕ್ಕದ ಪ್ರಕಾರ 1976ರಲ್ಲಿ ಶೇ. 40ರಷ್ಟಿದ್ದ ಬಡತನ 1996ರ ವೇಳೆಗೆ ಶೇ. 11ರ ಆಸುಪಾಸಿಗೆ ಇಳಿಯಿತು. ಜಾಗತಿಕ ಬ್ಯಾಂಕುಗಳು ಈ ದೇಶವನ್ನು ಮಾದರಿ ಎಂದು ಹೊಗಳಿದವು. ಆದ್ದರಿಂದ ‘ನನ್ನ ಕಾಲವೇ ಚೆನ್ನಾಗಿತ್ತಲ್ಲವೇ?’ ಎಂಬ ಪ್ರಶ್ನೆಗೆ ತಲೆದೂಗುವವರಿದ್ದರೆ ಅದರಲ್ಲಿ ಆಶ್ಚರ್ಯವಿಲ್ಲ. ಹಸಿದವನಿಗೆ ಅಕ್ಕಿ ದೊಡ್ಡದು. ಆದರೆ ಆ ಅಕ್ಕಿಯ ಬೆಲೆಯಾಗಿ ಅವನಿಂದ ಪಡೆದದ್ದೇನು ಎಂಬುದನ್ನೂ ನೋಡಬೇಕು.

ಪಡೆದದ್ದೇನು?

ಮೊದಲನೆಯದಾಗಿ ರಾಜಕೀಯವನ್ನು ನೋಡೋಣ. ಸುಹಾರ್ತೊ ಚುನಾವಣೆಗಳನ್ನು ರದ್ದುಗೊಳಿಸಲಿಲ್ಲ. 1971ರಿಂದ 1997ರವರೆಗೆ ಆರು ಚುನಾವಣೆಗಳು ನಡೆದವು. ಎಲ್ಲದರಲ್ಲೂ ಆಳುವ ಗೋಲ್ಕರ್ ಶೇ. 60ಕ್ಕಿಂತ ಹೆಚ್ಚು ಮತ ಪಡೆದು ಗೆದ್ದಿತು. 1973ರಲ್ಲಿ ಎಲ್ಲ ಮುಸ್ಲಿಮ್ ಪಕ್ಷಗಳನ್ನು ಬಲವಂತವಾಗಿ ಒಂದೇ ಪಕ್ಷವಾಗಿ ವಿಲೀನಗೊಳಿಸಲಾಯಿತು. ರಾಷ್ಟ್ರೀಯವಾದಿ ಮತ್ತು ಕ್ರೈಸ್ತ ಪಕ್ಷಗಳನ್ನು ಇನ್ನೊಂದರಲ್ಲಿ ಕೂಡಿಹಾಕಲಾಯಿತು. ಹಳ್ಳಿಗಳಲ್ಲಿ ಪಕ್ಷಗಳು ಶಾಖೆಗಳನ್ನು ತೆರೆಯುವಂತಿರಲಿಲ್ಲ. ಸರಕಾರಿ ನೌಕರರು ಗೋಲ್ಕರ್‌ಗೇ ಮತ ಹಾಕಬೇಕೆಂಬುದು ಬರೆಯದ ಕಾನೂನಾಗಿತ್ತು. ಅಧ್ಯಕ್ಷನನ್ನು ಆರಿಸುವ ಮಹಾಸಭೆಯ ಸದಸ್ಯರಲ್ಲಿ ದೊಡ್ಡ ಭಾಗ ಆತನೇ ನೇಮಿಸಿದವರು. ಅಂದರೆ ಪರೀಕ್ಷೆ ಬರೆಯುವವನೂ ಆತ, ಪ್ರಶ್ನೆಪತ್ರಿಕೆ ತಯಾರಿಸುವವನೂ ಆತ, ಅಂಕ ಹಾಕುವವನೂ ಆತ. ಚುನಾವಣೆ ಇದೆ ಎಂಬ ಮಾತ್ರಕ್ಕೆ ಪ್ರಜಾಪ್ರಭುತ್ವ ಇದೆ ಎಂದು ನಂಬುವವರು ಇದನ್ನು ಗಮನಿಸಬೇಕು.

1965ರಲ್ಲಿ ಆತನನ್ನು ತಮ್ಮವನೆಂದು ನಂಬಿದವರ ಗತಿ ಏನಾಯಿತು? 1982ರಲ್ಲಿ ಬಂದ ಶಾಲಾ ಸಮವಸ್ತ್ರದ ನಿಯಮದಿಂದಾಗಿ ಸರಕಾರಿ ಶಾಲೆಗಳಲ್ಲಿ ಹೆಣ್ಣುಮಕ್ಕಳು ಶಿರವಸ್ತ್ರ ಧರಿಸುವುದು ಅಸಾಧ್ಯವಾಯಿತು. ಮುಸ್ಲಿಮರೇ ಬಹುಸಂಖ್ಯಾತರಾಗಿರುವ ದೇಶದಲ್ಲಿ ಎಷ್ಟೋ ಹೆಣ್ಣುಮಕ್ಕಳು ಶಾಲೆ ಬಿಟ್ಟು ಖಾಸಗಿ ಶಾಲೆಗಳ ಬಾಗಿಲು ತಟ್ಟಿದರು. 1991ರವರೆಗೆ ಈ ಸ್ಥಿತಿ ಮುಂದುವರಿಯಿತು. 1984ರ ಸೆಪ್ಟೆಂಬರ್ 12ರಂದು ಜಕಾರ್ತಾದ ಬಂದರು ಪ್ರದೇಶ ತಂಜುಂಗ್ ಪ್ರಿಯೋಕ್‌ನಲ್ಲಿ, ಬಂಧಿತರ ಬಿಡುಗಡೆಗೆ ಆಗ್ರಹಿಸಿ ಮೆರವಣಿಗೆ ಹೊರಟ ಮುಸ್ಲಿಮರ ಮೇಲೆ ಸೇನೆ ಗುಂಡು ಹಾರಿಸಿತು. ಎಷ್ಟು ಜನ ಸತ್ತರೆಂಬುದನ್ನು ಪತ್ರಿಕೆಗಳು ಸ್ವತಂತ್ರವಾಗಿ ತನಿಖೆ ಮಾಡಿ ಬರೆಯುವಂತಿರಲಿಲ್ಲ. 1985ರಲ್ಲಿ ಎಲ್ಲ ಸಂಘಟನೆಗಳೂ, ಮಸೀದಿ ಮದ್ರಸಗಳನ್ನು ನಡೆಸುವವುಗಳೂ ಸೇರಿ, ಸರಕಾರದ ‘ಪಂಚಶೀಲ’ವನ್ನೇ ತಮ್ಮ ಏಕೈಕ ಆಧಾರತತ್ವವೆಂದು ಒಪ್ಪಿಕೊಳ್ಳಬೇಕೆಂಬ ಕಾನೂನು ಬಂತು.

ಶಿರವಸ್ತ್ರದ ವಿಷಯ ಕೇಳಿದಾಗ 2022ರ ಕರ್ನಾಟಕ ನಿಮ್ಮ ನೆನಪಿಗೆ ಬಂದಿರಬಹುದು. ಪ್ರಜಾಪ್ರಭುತ್ವದಲ್ಲೂ ಹೀಗಾಯಿತಲ್ಲ ಎಂದು ನೀವು ಕೇಳಿದರೆ ಆ ಪ್ರಶ್ನೆ ನ್ಯಾಯಯುತವೇ. ನಮ್ಮ ಎಷ್ಟೋ ಹೆಣ್ಣುಮಕ್ಕಳ ಆ ವರ್ಷದ ಶಿಕ್ಷಣವನ್ನು ಯಾರೂ ಮರಳಿ ಕೊಡಲಾರರು. ಆದರೆ ಇಲ್ಲಿ ಆ ಮಕ್ಕಳು ನ್ಯಾಯಾಲಯದ ಮೆಟ್ಟಿಲೇರಿದರು. ಹೈಕೋರ್ಟಿನಲ್ಲಿ ಸೋತರೂ ಸುಪ್ರೀಂ ಕೋರ್ಟಿನ ಇಬ್ಬರು ನ್ಯಾಯಮೂರ್ತಿಗಳಲ್ಲಿ ಒಬ್ಬರು 2022ರ ಅಕ್ಟೋಬರ್ 13ರಂದು ಅವರ ಪರವಾಗಿ ತೀರ್ಪು ಬರೆದರು. ಪತ್ರಿಕೆಗಳಲ್ಲಿ ಪರ ವಿರೋಧ ಚರ್ಚೆ ನಡೆಯಿತು. ಮರುವರ್ಷವೇ ಚುನಾವಣೆ ಬಂತು, ಸರಕಾರ ಬದಲಾಯಿತು. 1982ರ ಜಕಾರ್ತಾದ ಬಾಲಕಿಗೆ ಇಂತಹ ಒಂದು ಬಾಗಿಲೂ ಇರಲಿಲ್ಲ. ಅನ್ಯಾಯ ಎರಡೂ ಕಡೆ ಸಂಭವಿಸಬಹುದು. ಅನ್ಯಾಯವನ್ನು ಪ್ರಶ್ನಿಸುವ ಬಾಗಿಲು ಮಾತ್ರ ಎರಡೂ ಕಡೆ ಇರುವುದಿಲ್ಲ.

ಲವಂಗ ಮತ್ತು ಕಾರು

ಇನ್ನು ಆರ್ಥಿಕತೆಗೆ ಬರೋಣ. ರಾಜಕೀಯದಲ್ಲಿ ಬಾಯಿ ಮುಚ್ಚಿಸಿದರೂ ವ್ಯಾಪಾರ ಚೆನ್ನಾಗಿ ನಡೆಯುತ್ತದೆ ಎಂಬುದು ಸರ್ವಾಧಿಕಾರದ ಸಮರ್ಥಕರ ವಾದ. ಪ್ರಶ್ನೆ ಕೇಳುವವರಿಲ್ಲದ ಮಾರುಕಟ್ಟೆ ಯಾರ ಮಾರುಕಟ್ಟೆಯಾಗುತ್ತದೆ ಎಂಬುದಕ್ಕೆ ಎರಡು ನಿದರ್ಶನಗಳು ಸಾಕು.

ಇಂಡೋನೇಷ್ಯಾದ ಜನ ಲವಂಗ ಬೆರೆಸಿದ ಸಿಗರೇಟನ್ನು ಸೇದುತ್ತಾರೆ. ಆದ್ದರಿಂದ ಅಲ್ಲಿ ಲವಂಗ ಬೆಳೆಯುವ ಅಸಂಖ್ಯಾತ ಸಣ್ಣ ರೈತರಿದ್ದಾರೆ. 1990ರ ದಶಕದ ಆರಂಭದಲ್ಲಿ ಲವಂಗವನ್ನು ಕೊಂಡು ಮಾರುವ ಏಕಸ್ವಾಮ್ಯವನ್ನು ಅಧ್ಯಕ್ಷರ ಕಿರಿಯ ಮಗ ಟಾಮಿ ಸುಹಾರ್ತೊ ಮುನ್ನಡೆಸುತ್ತಿದ್ದ ಸಂಸ್ಥೆಗೆ ನೀಡಲಾಯಿತು. ರೈತ ಬೇರೆ ಯಾರಿಗೂ ಮಾರುವಂತಿಲ್ಲ, ಕಾರ್ಖಾನೆ ಬೇರೆ ಯಾರಿಂದಲೂ ಕೊಳ್ಳುವಂತಿಲ್ಲ. ಬಂಡವಾಳವನ್ನು ಒದಗಿಸಿದ್ದು ಸರಕಾರದ ಸಾಲ. ಪರಿಣಾಮವಾಗಿ ಗೋದಾಮುಗಳಲ್ಲಿ ಸರಕು ರಾಶಿಯಾಯಿತು, ರೈತನಿಗೆ ಸಿಗುವ ಬೆಲೆ ಕುಸಿಯಿತು, ಎಷ್ಟೋ ಜನ ತಮ್ಮ ತೋಟಗಳನ್ನೇ ಕೈಬಿಟ್ಟರು. ನಮ್ಮ ಕರಾವಳಿ ಮಲೆನಾಡಿನ ಅಡಿಕೆ ಬೆಳೆಗಾರರಿಗೆ, ‘ಇನ್ನು ಮುಂದೆ ಮುಖ್ಯಮಂತ್ರಿಯ ಮಗನಿಗೆ ಮಾತ್ರ ಅಡಿಕೆ ಮಾರಬೇಕು’ ಎಂಬ ಆದೇಶ ಬಂದರೆ ಹೇಗಿರಬಹುದೆಂದು ಊಹಿಸಿ. ಇಲ್ಲಿ ಮರುದಿನವೇ ರಸ್ತೆ ತಡೆ ನಡೆಯುತ್ತದೆ, ವಿಧಾನಸಭೆಯಲ್ಲಿ ಗದ್ದಲವೇಳುತ್ತದೆ. ನಾವು ‘ಗದ್ದಲ’ ಎಂದು ಬೇಸರಪಡುವುದು ಇದನ್ನೇ.

ಎರಡನೆಯದು ಕಾರಿನ ಕತೆ. 1996ರಲ್ಲಿ ‘ರಾಷ್ಟ್ರೀಯ ಕಾರು’ ತಯಾರಿಸುವ ಯೋಜನೆಯ ಹೆಸರಿನಲ್ಲಿ ಅದೇ ಮಗನ ಕಂಪೆನಿಗೆ ಆಮದು ಸುಂಕ ಮತ್ತು ವಿಲಾಸ ತೆರಿಗೆಗಳಿಂದ ವಿನಾಯಿತಿ ದೊರೆಯಿತು. ವಿಪರ್ಯಾಸವೆಂದರೆ ಆ ‘ರಾಷ್ಟ್ರೀಯ’ ಕಾರುಗಳು ದಕ್ಷಿಣ ಕೊರಿಯಾದಲ್ಲಿ ಸಿದ್ಧಗೊಂಡು ಹಡಗಿನಲ್ಲಿ ಬಂದಿಳಿಯುತ್ತಿದ್ದವು. ಬೇರೆ ಕಂಪೆನಿಗಳು ತೆರಿಗೆ ಕಟ್ಟಿ ಮಾರಬೇಕು, ಈ ಕಂಪೆನಿ ಕಟ್ಟದೆ ಮಾರಬಹುದು.

ಇದನ್ನೆಲ್ಲ ಪತ್ರಿಕೆಗಳು ಬರೆಯಲಿಲ್ಲವೇ ಎಂದು ನೀವು ಕೇಳಬಹುದು. ಬರೆಯಲು ಯತ್ನಿಸಿದವರ ಗತಿಯನ್ನು ಕೇಳಿ. ಹಿಂದಿನ ಪೂರ್ವ ಜರ್ಮನಿಯ ಹಳೆಯ ಯುದ್ಧನೌಕೆಗಳನ್ನು ಕೊಳ್ಳುವ ವಿಚಾರದಲ್ಲಿ, ಅದಕ್ಕಾಗುವ ಖರ್ಚಿನ ಬಗ್ಗೆ ಸಚಿವರ ನಡುವೆಯೇ ಎದ್ದ ಭಿನ್ನಾಭಿಪ್ರಾಯವನ್ನು ‘ಟೆಂಪೊ’ ವಾರಪತ್ರಿಕೆ ವರದಿ ಮಾಡಿತು. 1994ರ ಜೂನ್ 21ರಂದು ಟೆಂಪೊ ಸೇರಿದಂತೆ ಮೂರು ವಾರಪತ್ರಿಕೆಗಳ ಪರವಾನಗಿ ರದ್ದಾಯಿತು. ಸಾರ್ವಜನಿಕ ಹಣದ ಲೆಕ್ಕ ಕೇಳಿದ್ದೇ ಅಪರಾಧ. ಪತ್ರಿಕಾವೃತ್ತಿಯಲ್ಲಿರುವ ನಮಗೆ ಈ ಘಟನೆ ಇತಿಹಾಸದ ಒಂದು ಸಾಲಾಗಿ ಮಾತ್ರ ಕಾಣುವುದಿಲ್ಲ.

ಬಿರುಗಾಳಿ ಬಂದಾಗ

ಮನೆಯ ಗಟ್ಟಿತನ ತಿಳಿಯುವುದು ಬಿರುಗಾಳಿಯಲ್ಲಿ. 1997ರ ಜುಲೈಯಲ್ಲಿ ಥೈಲ್ಯಾಂಡಿನಿಂದ ಆರಂಭವಾದ ಆರ್ಥಿಕ ಬಿಕ್ಕಟ್ಟು ಏಷ್ಯಾದ ಹಲವು ದೇಶಗಳನ್ನು ಅಪ್ಪಳಿಸಿತು. ಆಗ ಒಂದು ಡಾಲರಿಗೆ ಸುಮಾರು 2,400 ಇದ್ದ ಇಂಡೋನೇಷ್ಯಾದ ರುಪಿಯಾ 1998ರ ಜನವರಿಯಲ್ಲಿ 10,000ವನ್ನು ದಾಟಿ ಕುಸಿಯುತ್ತಲೇ ಹೋಯಿತು. 1997ರ ನವೆಂಬರ್ 1ರಂದು 16 ದುರ್ಬಲ ಬ್ಯಾಂಕುಗಳನ್ನು ಮುಚ್ಚಲಾಯಿತು. ಅವುಗಳಲ್ಲೊಂದರಲ್ಲಿ ಅಧ್ಯಕ್ಷರ ಇನ್ನೊಬ್ಬ ಮಗನ ಪಾಲಿತ್ತು. ಆತ ಸ್ವಲ್ಪ ದಿನಗಳಲ್ಲೇ ಬೇರೊಂದು ಬ್ಯಾಂಕಿನ ಮೂಲಕ ವ್ಯವಹಾರವನ್ನು ಪುನಃ ಆರಂಭಿಸಿದ. ಸರಕಾರದ ಮಾತಿಗೆ ಬೆಲೆಯಿಲ್ಲವೆಂದು ಜನರಿಗೆ ಅರ್ಥವಾಗಲು ಇನ್ನೇನು ಬೇಕು? ಜನ ಬ್ಯಾಂಕುಗಳಿಂದ ಹಣ ಹಿಂತೆಗೆಯಲು ಧಾವಿಸಿದರು.

ಅದೇ ಬಿರುಗಾಳಿ ದಕ್ಷಿಣ ಕೊರಿಯಾವನ್ನೂ ಹೊಡೆದಿತ್ತು. ಆದರೆ ಅಲ್ಲಿ ಹತ್ತು ವರ್ಷಗಳ ಹಿಂದೆಯೇ ಸೇನಾಡಳಿತ ಕೊನೆಗೊಂಡಿತ್ತು. 1997ರ ಡಿಸೆಂಬರಿನಲ್ಲಿ, ಬಿಕ್ಕಟ್ಟಿನ ನಡುವೆಯೇ, ಚುನಾವಣೆ ನಡೆದು ವಿರೋಧಪಕ್ಷದ ಕಿಮ್ ಡೇ ಜುಂಗ್ ಅಧ್ಯಕ್ಷರಾಗಿ ಆಯ್ಕೆಯಾದರು. ಹಳೆಯ ತಪ್ಪಿನ ಹೊಣೆ ಹೊತ್ತವರು ಮನೆಗೆ ಹೋದರು. ದೇಶದ ಸಾಲ ತೀರಿಸಲು ಲಕ್ಷಾಂತರ ಜನ ತಮ್ಮ ಮದುವೆಯ ಉಂಗುರ, ಮಕ್ಕಳ ಸರಗಳನ್ನು ತಂದೊಪ್ಪಿಸಿದರು. 200 ಟನ್ನಿಗೂ ಹೆಚ್ಚು ಚಿನ್ನ ಸಂಗ್ರಹವಾಯಿತು. ಇಂಡೋನೇಷ್ಯಾದಲ್ಲೂ ಅಧ್ಯಕ್ಷರ ಹಿರಿಯ ಮಗಳು ‘ರುಪಿಯಾವನ್ನು ಪ್ರೀತಿಸಿ’ ಎಂಬ ಅಭಿಯಾನ ಆರಂಭಿಸಿದಳು. ಅದರಿಂದ ರುಪಿಯಾ ಚೇತರಿಸಲಿಲ್ಲ. ಕೊಟ್ಟದ್ದು ಎಲ್ಲಿಗೆ ಹೋಗುತ್ತದೆಂದು ಕೇಳಲಾಗದ ಕಡೆ ಯಾರು ತಾನೆ ತನ್ನ ಹೆಂಡತಿಯ ಬಳೆಯನ್ನು ಬಿಚ್ಚಿಕೊಟ್ಟಾನು?

1998ರಲ್ಲಿ ಕೊರಿಯಾದ ಉತ್ಪನ್ನ ಸುಮಾರು ಶೇ. 5ರಷ್ಟು ಕುಗ್ಗಿ, ಮರುವರ್ಷವೇ ಶೇ. 11ರ ಆಸುಪಾಸಿನಲ್ಲಿ ಮೇಲೆದ್ದಿತು. ಇಂಡೋನೇಷ್ಯಾದ ಉತ್ಪನ್ನ ಅದೇ ವರ್ಷ ಶೇ. 13ರಷ್ಟು ಕುಸಿಯಿತು. 1998ರ ಮಾರ್ಚಿನಲ್ಲಿ ಸುಹಾರ್ತೊ ಏಳನೆಯ ಬಾರಿಗೆ ಅಧ್ಯಕ್ಷನಾಗಿ, ತನ್ನ ಮಗಳನ್ನೂ ತನ್ನ ಗಾಲ್ಫ್ ಗೆಳೆಯನಾದ ಉದ್ಯಮಿಯನ್ನೂ ಮಂತ್ರಿಗಳನ್ನಾಗಿಸಿದ. ಮೇ ತಿಂಗಳಲ್ಲಿ ಇಂಧನದ ಬೆಲೆ ಏರಿತು. 12ರಂದು ಜಕಾರ್ತಾದ ತ್ರಿಸಕ್ತಿ ವಿಶ್ವವಿದ್ಯಾಲಯದಲ್ಲಿ ನಾಲ್ವರು ವಿದ್ಯಾರ್ಥಿಗಳು ಗುಂಡಿಗೆ ಬಲಿಯಾದರು. ನಂತರದ ಗಲಭೆಗಳಲ್ಲಿ ಸಾವಿರಕ್ಕೂ ಹೆಚ್ಚು ಜನ ಸತ್ತರು. ಚೀನಾ ಮೂಲದ ಅಲ್ಪಸಂಖ್ಯಾತರ ಅಂಗಡಿಗಳು ಸುಟ್ಟುಹೋದವು, ಅವರ ಹೆಣ್ಣುಮಕ್ಕಳ ಮೇಲೆ ಅತ್ಯಾಚಾರಗಳು ನಡೆದವು. ಬಾಯಿ ಕಟ್ಟಿದ ಸಮಾಜದ ಸಿಟ್ಟು ಸಿಡಿದಾಗ ಅದು ಬೀಳುವುದು ಅರಮನೆಯ ಮೇಲಲ್ಲ, ಬೀದಿಯ ದುರ್ಬಲರ ಮೇಲೆ. 1998ರ ಮೇ 21ರಂದು ಸುಹಾರ್ತೊ ರಾಜೀನಾಮೆ ನೀಡಿದ.

ಬ್ಯಾಂಕುಗಳನ್ನು ಮತ್ತೆ ನಿಲ್ಲಿಸಲು ಆದ ವೆಚ್ಚ ದೇಶದ ವಾರ್ಷಿಕ ಉತ್ಪನ್ನದ ಸುಮಾರು ಅರ್ಧದಷ್ಟು. ಅದನ್ನು ಕಟ್ಟಿದವರು ಜನಸಾಮಾನ್ಯರು. ಸುಹಾರ್ತೊ ಕುಟುಂಬ ಕಬಳಿಸಿದ ಸಂಪತ್ತು 15ರಿಂದ 35 ಶತಕೋಟಿ ಡಾಲರ್ ಇರಬಹುದೆಂದು ಟ್ರಾನ್ಸ್‌ಪರೆನ್ಸಿ ಇಂಟರ್‌ನ್ಯಾಷನಲ್ ಸಂಸ್ಥೆ 2004ರಲ್ಲಿ ಅಂದಾಜಿಸಿತು. ಅನಾರೋಗ್ಯದ ಕಾರಣದಿಂದ ಆತನ ವಿಚಾರಣೆ ಮುಂದುವರಿಯಲಿಲ್ಲ. 2008ರ ಜನವರಿಯಲ್ಲಿ ಆತ ತೀರಿಕೊಂಡ.

ಅನಂತರದ ದಿನಗಳು

ಪ್ರಜಾಪ್ರಭುತ್ವ ಬಂದೊಡನೆ ಹಾಲು ಜೇನು ಹರಿಯಿತೆಂದು ನಾವು ಹೇಳುವುದಿಲ್ಲ. ಮೊದಲ ವರ್ಷಗಳಲ್ಲಿ ಮಲುಕು ದ್ವೀಪಗಳಲ್ಲಿ ಮುಸ್ಲಿಮ್ ಕ್ರೈಸ್ತ ಘರ್ಷಣೆಗಳಾಗಿ ಸಾವಿರಾರು ಜನ ಸತ್ತರು. ಆದರೂ 1999ರ ಜೂನಿನಲ್ಲಿ 48 ಪಕ್ಷಗಳು ಸ್ಪರ್ಧಿಸಿದ ಮುಕ್ತ ಚುನಾವಣೆ ನಡೆಯಿತು. 1997ರಲ್ಲಿ ಶೇ. 74ರಷ್ಟು ಮತ ಪಡೆದಿದ್ದ ಗೋಲ್ಕರ್ ಎರಡೇ ವರ್ಷಗಳಲ್ಲಿ ಶೇ. 22ಕ್ಕೆ ಇಳಿಯಿತು. ಜನರ ನಿಜವಾದ ಅಭಿಪ್ರಾಯ ಎಷ್ಟು ಕಾಲ ಮುಚ್ಚಿಹೋಗಿತ್ತೆಂಬುದಕ್ಕೆ ಈ ಎರಡು ಅಂಕೆಗಳೇ ಸಾಕ್ಷಿ. ಟೆಂಪೊ ಮತ್ತೆ ಪ್ರಕಟವಾಯಿತು. ಅಧ್ಯಕ್ಷರಿಗೆ ಎರಡೇ ಅವಧಿ ಎಂಬ ಮಿತಿ ಸಂವಿಧಾನದಲ್ಲಿ ಸೇರಿತು. 2004ರಿಂದ ಜನರೇ ನೇರವಾಗಿ ಅಧ್ಯಕ್ಷರನ್ನು ಆರಿಸತೊಡಗಿದರು.

ಅಸೆಹ್ ಪ್ರಾಂತ್ಯದ ಕತೆಯನ್ನಷ್ಟೇ ನೋಡಿ. ಅಲ್ಲಿಯ ಅನಿಲದ ಆದಾಯ ಜಕಾರ್ತಾಕ್ಕೆ ಹೋಗುತ್ತಿತ್ತು, ಜಕಾರ್ತಾದಿಂದ ಅಲ್ಲಿಗೆ ಬರುತ್ತಿದ್ದದ್ದು ಸೈನಿಕರು. ದಶಕಗಳ ಬಂದೂಕಿನಿಂದ ಆರದ ಬೆಂಕಿ, ಸುನಾಮಿಯ ಮರುವರ್ಷ, 2005ರ ಆಗಸ್ಟ್ 15ರ ಒಪ್ಪಂದದಿಂದ ಆರಿತು. ಅಲ್ಲಿಯ ತೈಲ, ಅನಿಲ ಆದಾಯದ ಶೇ. 70ರಷ್ಟು ಪಾಲು ಅಸೆಹ್‌ಗೇ ಸಿಗಬೇಕೆಂದು ತೀರ್ಮಾನವಾಯಿತು. 2006ರ ಚುನಾವಣೆಯಲ್ಲಿ ಹಿಂದಿನ ಬಂಡುಕೋರ ಇರ್ವಾಂದಿ ಯೂಸುಫ್ ರಾಜ್ಯಪಾಲರಾಗಿ ಗೆದ್ದರು. ಅದೇ ವ್ಯಕ್ತಿ 2018ರಲ್ಲಿ ಭ್ರಷ್ಟಾಚಾರದ ಆರೋಪದಲ್ಲಿ ಬಂಧನಕ್ಕೊಳಗಾಗಿ ಶಿಕ್ಷೆಯನ್ನೂ ಅನುಭವಿಸಿದರು. ಬಂದೂಕು ಹಿಡಿದವನಿಗೆ ಮತಪೆಟ್ಟಿಗೆಯ ದಾರಿ, ಗೆದ್ದು ತಪ್ಪಿದವನಿಗೆ ನ್ಯಾಯಾಲಯದ ದಾರಿ: ವ್ಯವಸ್ಥೆಯೆಂದರೆ ಇದು.

ಆರ್ಥಿಕತೆಯೂ ಕುಸಿದು ಬಿದ್ದಲ್ಲೇ ಉಳಿಯಲಿಲ್ಲ. ವಾರ್ಷಿಕ ಬಜೆಟ್ಟಿನ ಶೇ. 20 ಭಾಗವನ್ನು ಶಿಕ್ಷಣಕ್ಕೆ ಮೀಸಲಿಡಬೇಕೆಂದು ಸಂವಿಧಾನವೇ ಹೇಳಿತು. 2014ರ ಜನವರಿ 1ರಂದು ರಾಷ್ಟ್ರೀಯ ಆರೋಗ್ಯ ವಿಮೆ ಆರಂಭವಾಯಿತು. 2024ರ ವೇಳೆಗೆ ಅಧಿಕೃತ ಬಡತನ ಶೇ. 9ರ ಆಸುಪಾಸಿಗೆ ಇಳಿಯಿತು. ಸರ್ವಾಧಿಕಾರವಿಲ್ಲದೆ ಅಭಿವೃದ್ಧಿ ಅಸಾಧ್ಯ ಎಂಬ ವಾದಕ್ಕೆ ಇದೇ ಉತ್ತರ.

ದೋಷಗಳೂ ಇವೆ, ಅವು ಸಣ್ಣವಲ್ಲ. ಭ್ರಷ್ಟಾಚಾರ ನಿರ್ಮೂಲನ ಆಯೋಗದ ಹಲ್ಲುಗಳನ್ನು 2019ರಲ್ಲಿ ಸಂಸತ್ತೇ ಕಾನೂನು ತಿದ್ದಿ ಕಿತ್ತಿತು. 2023ರಲ್ಲಿ, ಅಧ್ಯಕ್ಷ ಜೋಕೊ ವಿಡೊಡೊ ಅವರ ಮಗ ಉಪಾಧ್ಯಕ್ಷ ಸ್ಥಾನಕ್ಕೆ ಸ್ಪರ್ಧಿಸಲು ಅನುವಾಗುವಂತೆ ಸಂವಿಧಾನ ನ್ಯಾಯಾಲಯ ತೀರ್ಪಿತ್ತಾಗ ಅದರ ಮುಖ್ಯ ನ್ಯಾಯಾಧೀಶರು ಆ ಯುವಕನ ಸೋದರತ್ತೆಯ ಗಂಡನಾಗಿದ್ದರು. ನೈತಿಕ ಸಮಿತಿ ಅವರನ್ನು ಮುಖ್ಯ ಸ್ಥಾನದಿಂದ ಇಳಿಸಿತು, ಆದರೆ ತೀರ್ಪು ಉಳಿಯಿತು. ಸುಹಾರ್ತೊನ ಮಾಜಿ ಅಳಿಯ, ಸೇನಾಧಿಕಾರಿಯಾಗಿದ್ದ ಪ್ರಬೊವೊ ಸುಬಿಯಾಂತೊ 2024ರಲ್ಲಿ ಅಧ್ಯಕ್ಷರಾದರು. 2025ರ ಆಗಸ್ಟ್‌ನಲ್ಲಿ, ಸಂಸದರು ಜಕಾರ್ತಾದ ಕನಿಷ್ಠ ಕೂಲಿಯ ಸುಮಾರು ಹತ್ತು ಪಟ್ಟು ಮೊತ್ತವನ್ನು ತಿಂಗಳ ಮನೆಬಾಡಿಗೆ ಭತ್ತೆಯಾಗಿ ಪಡೆಯುತ್ತಿರುವ ಸಂಗತಿ ಬೆಳಕಿಗೆ ಬಂದಾಗ ಜನ ಬೀದಿಗಿಳಿದರು. ಪ್ರಾಣಹಾನಿಯೂ ಆಯಿತು. ಆದರೆ ಆ ಭತ್ತೆ ರದ್ದಾಯಿತು. ಲೆಕ್ಕ ಕೇಳುವ ಅಭ್ಯಾಸ ಆ ಜನರಲ್ಲಿ ಇನ್ನೂ ಜೀವಂತವಾಗಿದೆ.

ಬಹುಸಂಖ್ಯೆ ಮತ್ತು ನ್ಯಾಯ

ಇನ್ನೊಂದು ಮಾತು. 2017ರಲ್ಲಿ ಜಕಾರ್ತಾದ ರಾಜ್ಯಪಾಲರಾಗಿದ್ದ, ಚೀನಾ ಮೂಲದ ಕ್ರೈಸ್ತ ಬಾಸುಕಿ ಪುರ್ನಾಮಾ ಅವರಿಗೆ ಧರ್ಮನಿಂದೆಯ ಆರೋಪದಲ್ಲಿ ಎರಡು ವರ್ಷಗಳ ಶಿಕ್ಷೆಯಾಯಿತು. ಅದಕ್ಕೂ ಮೊದಲು ಅವರ ವಿರುದ್ಧ ಲಕ್ಷಾಂತರ ಜನರ ಮೆರವಣಿಗೆಗಳು ನಡೆದಿದ್ದವು. ಅಲ್ಲಿ ಬಹುಸಂಖ್ಯಾತರು ನಮ್ಮವರು ಎಂಬ ಕಾರಣಕ್ಕೆ ನಾವು ಇದನ್ನು ಸಮರ್ಥಿಸುವುದಾದರೆ, ಇಲ್ಲಿ ಬಹುಸಂಖ್ಯೆಯ ಹೆಸರಿನಲ್ಲಿ ನಡೆಯುವ ದಬ್ಬಾಳಿಕೆಯನ್ನು ಯಾವ ಬಾಯಿಯಿಂದ ಖಂಡಿಸುವುದು? ತಲೆ ಎಣಿಸುವುದು ಪ್ರಜಾಪ್ರಭುತ್ವದ ಅರ್ಧ ಭಾಗ ಮಾತ್ರ. ಎಣಿಕೆಯಲ್ಲಿ ಕಡಿಮೆ ಬಿದ್ದವನ ಹಕ್ಕನ್ನು ಕಾಯುವುದು ಅದರ ಇನ್ನರ್ಧ. ಅಲ್ಪಸಂಖ್ಯಾತರಾದ ನಮಗೆ ಆ ಇನ್ನರ್ಧದ ಬೆಲೆ ಎಲ್ಲರಿಗಿಂತ ಚೆನ್ನಾಗಿ ಗೊತ್ತಿರಬೇಕು.

ನಮ್ಮ ದೇಶವೂ ಒಮ್ಮೆ ಗಟ್ಟಿ ಆಳ್ವಿಕೆಯ ರುಚಿ ಕಂಡಿದೆ. 1975ರ ಜೂನ್ 25ರಂದು ಘೋಷಣೆಯಾದ ತುರ್ತುಪರಿಸ್ಥಿತಿಯಲ್ಲಿ ರೈಲುಗಳು ಸರಿಯಾದ ಸಮಯಕ್ಕೆ ಬಂದವೆಂದು ಹೇಳುವವರಿದ್ದಾರೆ. 1976ರ ಏಪ್ರಿಲಿನಲ್ಲಿ ದಿಲ್ಲಿಯ ತುರ್ಕಮಾನ್ ಗೇಟಿನಲ್ಲಿ ಬುಲ್ಡೋಜರುಗಳೂ ಸಮಯಕ್ಕೆ ಸರಿಯಾಗಿಯೇ ಬಂದವು. ಆ ಒಂದು ವರ್ಷದಲ್ಲಿ 80 ಲಕ್ಷಕ್ಕೂ ಅಧಿಕ ಸಂತಾನಹರಣ ಶಸ್ತ್ರಚಿಕಿತ್ಸೆಗಳು ನಡೆದವು, ಬಡವರ ಮೇಲೆ ಬಲಪ್ರಯೋಗವಾಯಿತು. ಪತ್ರಿಕೆಗಳ ಬಾಯಿಗೆ ಬೀಗ ಬಿದ್ದಿತ್ತು. ಆದರೆ ಇಪ್ಪತ್ತೊಂದು ತಿಂಗಳಲ್ಲಿ ಚುನಾವಣೆ ನಡೆಯಿತು, ಪ್ರಧಾನಿಯೇ ತಮ್ಮ ಕ್ಷೇತ್ರದಲ್ಲಿ ಸೋತರು. ಇಂಡೋನೇಷ್ಯಾಕ್ಕೆ ಮೂವತ್ತೆರಡು ವರ್ಷ ಬೇಕಾದದ್ದು ನಮಗೆ ಎರಡು ವರ್ಷಗಳೊಳಗೆ ಸಾಧ್ಯವಾಯಿತು. ಮತಪೆಟ್ಟಿಗೆಯ ಅಭ್ಯಾಸ ನಮ್ಮ ಜನರಿಗೆ ಮೊದಲೇ ಇತ್ತು ಎಂಬುದು ಅದಕ್ಕೊಂದು ಮುಖ್ಯ ಕಾರಣ.

ಸಹೋದರ ಸಹೋದರಿಯರೇ, ಪರೀಕ್ಷೆಯ ಹಾಳೆಯಲ್ಲಿ ನಾವು ಬರೆದ ಹತ್ತು ವ್ಯತ್ಯಾಸಗಳನ್ನು ಇಂದು ಒಂದೇ ಸಾಲಿನಲ್ಲಿ ಬರೆಯಬಹುದೆಂದು ತೋರುತ್ತದೆ. ಸರ್ವಾಧಿಕಾರಿಯೂ ಅಕ್ಕಿ ಕೊಡಬಲ್ಲ, ಶಾಲೆ ಕಟ್ಟಬಲ್ಲ. ಆದರೆ ಆತ ಅದನ್ನು ದಾನವಾಗಿ ಕೊಡುತ್ತಾನೆ, ಬೇಕೆನಿಸಿದಾಗ ಹಿಂತೆಗೆಯುತ್ತಾನೆ, ನಾವು ಕೇಳುವಂತಿಲ್ಲ. ಪ್ರಜಾಪ್ರಭುತ್ವದಲ್ಲಿ ಅದೇ ಅಕ್ಕಿ ಕೆಲವೊಮ್ಮೆ ತಡವಾಗಿ ಬರುತ್ತದೆ, ಕಲ್ಲು ಬೆರೆತು ಬರುತ್ತದೆ. ಆದರೆ ಅದು ನಮ್ಮದು, ತಡವೇಕೆ, ಕಲ್ಲೇಕೆ ಎಂದು ಕೇಳುವ ಹಕ್ಕು ನಮಗಿದೆ.

ಈ ಹಕ್ಕಿನ ಅಭ್ಯಾಸ ಜಕಾರ್ತಾದಲ್ಲೋ ದಿಲ್ಲಿಯಲ್ಲೋ ಆರಂಭವಾಗುವುದಿಲ್ಲ. ನಮ್ಮ ಜಮಾಅತ್‌ಗಳ ಮಹಾಸಭೆಗೆ ನಮ್ಮಲ್ಲಿ ಎಷ್ಟು ಜನ ಹೋಗುತ್ತೇವೆ? ಇಪ್ಪತ್ತು ವರ್ಷಗಳಿಂದ ಒಬ್ಬರೇ ಅಧ್ಯಕ್ಷರು, ಲೆಕ್ಕಪತ್ರ ಓದುವಾಗ ಅರ್ಧ ಜನ ಎದ್ದು ಹೋಗಿರುತ್ತಾರೆ, ಉಳಿದ ಅರ್ಧ ಜನರಲ್ಲಿ ಒಬ್ಬ ಯುವಕ ಎದ್ದುನಿಂತು ವಕ್ಫ್ ಕಟ್ಟಡದ ಬಾಡಿಗೆ ಎಷ್ಟೆಂದು ಕೇಳಿದರೆ ‘ಹಿರಿಯರಿಗೆ ಎದುರು ಮಾತನಾಡಬೇಡ’ ಎಂದು ಕೂರಿಸುತ್ತೇವೆ. ಹೆಂಗಸರನ್ನಂತೂ ಆ ಸಭೆಗೆ ಕರೆಯುವುದೇ ಇಲ್ಲ. ಕೆಲಸ ಚೆನ್ನಾಗಿ ಮಾಡುವ ಅಧ್ಯಕ್ಷರೇ ಇರಬಹುದು, ಪ್ರಾಮಾಣಿಕರೇ ಇರಬಹುದು. ಲೆಕ್ಕ ಕೇಳುವುದು ಅವರ ಮೇಲಿನ ಅಪನಂಬಿಕೆಯಲ್ಲ. ಪ್ರಾಮಾಣಿಕನನ್ನು ಅಪವಾದದಿಂದ ಕಾಯುವುದೂ ಲೆಕ್ಕವೇ.

ದೇಶಕ್ಕೊಬ್ಬ ಗಟ್ಟಿ ಆಳು ಬೇಕೆಂದು ಹಂಬಲಿಸುವ ಮೊದಲು, ನಮ್ಮ ಊರಿನ ಮುಂದಿನ ಮಹಾಸಭೆಯಲ್ಲಿ ಆ ಯುವಕನನ್ನು ಕೂರಿಸದೆ, ಅವನ ಪ್ರಶ್ನೆಗೆ ಉತ್ತರ ಕೊಡಿಸೋಣ.